ಬಾಯಿಲ್ಲದ ಅತಿಥಿ

ಮಳೆಗಾಲದಲ್ಲಿ ನಮ್ಮ ಶಿರಸಿ ಕಡೆ ಜಗಲಿ ದೀಪಕ್ಕೆ ಅಂಗೈಗಿಂತ ದೊಡ್ಡ ಕಂದು ಪತಂಗ ಬಂದು ಕೂತರೆ ದಯವಿಟ್ಟು ಪೊರಕೆ ಹುಡುಕಬೇಡಿ. ಅದು ಅಟ್ಲಾಸ್ ಪತಂಗ. ರೆಕ್ಕೆ ಬಿಚ್ಚಿದರೆ 20 ಸೆಂಟಿಮೀಟರ್ ದಾಟಬಹುದು, ರೆಕ್ಕೆಯ ತುದಿ ಥೇಟ್ ಹಾವಿನ ತಲೆ. ಕಚ್ಚುತ್ತದೆ ಅಂತ ಹೆದರುವವರೇ ಜಾಸ್ತಿ. ಪಾಪ, ಅದಕ್ಕೆ ಕೆಲಸಕ್ಕೆ ಬರುವ ಬಾಯಿಯೇ ಇಲ್ಲ! ಹುಳುವಾಗಿದ್ದಾಗ ದಾಲ್ಚಿನ್ನಿಯಂಥ ಗಿಡದ ಎಲೆ ಮೇದು ಮೈಯಲ್ಲಿ ಕೂಡಿಟ್ಟ ಕೊಬ್ಬಿನಲ್ಲೇ ಗೂಡು ಕಟ್ಟಿ, ರೆಕ್ಕೆ ಮೂಡಿಸಿಕೊಂಡು, ಹೊರಬಂದ ಮೇಲಿನ ಒಂದೆರಡು ವಾರವನ್ನೂ ಅದರಲ್ಲೇ ದೂಡಬೇಕು. ಊಟ ಆಯ್ತಾ ಅಂತ ಕೇಳದೆ ಮಾತೇ ಶುರು ಮಾಡದ ನಮಗೆ ಇದು ವಿಚಿತ್ರವೇ ಅಲ್ವಾ?

ಹೆಣ್ಣು ಗೂಡಿನ ಹತ್ತಿರವೇ ಕೂತು ಗಾಳಿಗೆ ವಾಸನೆ ಬಿಡುತ್ತದೆ, ಗಂಡು ಗರಿಯಂಥ ಮೀಸೆಯಲ್ಲಿ ಅದನ್ನು ಹಿಡಿದು ಕತ್ತಲಲ್ಲಿ ಹಾರಿ ಬರುತ್ತದೆ. ನಡುವೆ ನಮ್ಮ ಬಲ್ಬು ಅಡ್ಡ ಬಂದರೆ ಇಡೀ ರಾತ್ರಿ ಸುಮ್ನೆ ಗೋಡೆಗೆ ಅಂಟಿಕೊಂಡೇ ಹೋಯಿತು. ಇರುವುದೇ ಒಂದೆರಡು ವಾರ, ಅದರಲ್ಲೂ ಒಂದು ರಾತ್ರಿ ನಮ್ಮ ಲೆಕ್ಕಕ್ಕೆ.

ದೀಪ ಆರಿಸಿ ಮಲಗಿ, ಅಷ್ಟು ಸಾಕು. ಮತ್ತೆ ಬೆಟ್ಟಕ್ಕೆ ಸೊಪ್ಪು ಕಡಿಯಲು ಹೋದಾಗ ಎಲೆ ಸುತ್ತಿಕೊಂಡು ಜೋತಾಡುವ ಕಂದು ಗೂಡು ಕಂಡರೆ ಆ ಟೊಂಗೆಯೊಂದನ್ನು ಬಿಟ್ಟುಬಿಡಿ.