ಫೆಥರ್ಡ್ ಊರಿನ ಬಹಿಷ್ಕಾರ, ನಮ್ಮ ಮಗಳ ಶಾಲೆ

ಐರ್ಲೆಂಡಿನಲ್ಲಿದ್ದೇವೆ ಅಂದರೆ ಊರಲ್ಲಿ ಕೇಳುವ ಪ್ರಶ್ನೆ ಎರಡು. ಮಳೆ ಜಾಸ್ತಿನಾ? ಕ್ಯಾಥಲಿಕ್ ಪ್ರಾಟೆಸ್ಟೆಂಟ್ ಜಗಳ ಇನ್ನೂ ನಡೀತಿದೆಯಾ? ಮೊದಲನೆಯದಕ್ಕೆ ಹೌದು ಅಂದುಬಿಟ್ಟರೆ ಮುಗಿಯಿತು. ಎರಡನೆಯದಕ್ಕೆ ಫೋನಿನಲ್ಲಿ ಉತ್ತರ ಹೇಳುವುದು ಕಷ್ಟ. ಟೀವಿಯಲ್ಲಿ ನೋಡಿದ ಬಾಂಬು, ಬೆಲ್‌ಫಾಸ್ಟಿನ ಬೀದಿಗಳ ನಡುವಿನ ಎತ್ತರದ ಗೋಡೆ, ಇವೆಲ್ಲ ಉತ್ತರ ಐರ್ಲೆಂಡಿನವು. ಅದು ಇಂದಿಗೂ ಬ್ರಿಟನ್ನಿಗೆ ಸೇರಿದ್ದು. ನಾವಿರುವುದು ಗಣರಾಜ್ಯದಲ್ಲಿ, ದಕ್ಷಿಣದ ಕಡಲ ಕಡೆಯ ವಾಟರ್‌ಫರ್ಡ್‌ನಲ್ಲಿ. ನಮ್ಮ ಕಡೆ ಅಂಥ ಗೋಡೆಗಳಿಲ್ಲ. ಆದರೆ ಇಲ್ಲಿಯ ಜಗಳ ಮದುವೆಯಲ್ಲಿ, ದಿನಸಿ ಅಂಗಡಿಯಲ್ಲಿ, ಶಾಲೆಯ ಹಾಜರಿ ಪುಸ್ತಕದಲ್ಲಿ ನಡೆದಿದೆ.

ವಾಟರ್‌ಫರ್ಡ್‌ನಿಂದ ಸ್ವಲ್ಪ ದೂರದಲ್ಲಿ ಪ್ಯಾಸೇಜ್ ಈಸ್ಟ್ ಅಂತ ಸಣ್ಣ ಊರಿದೆ. ಅಲ್ಲಿ ಕಾರು ಸಮೇತ ದೋಣಿ ಹತ್ತಿದರೆ ಕೆಲವೇ ನಿಮಿಷದಲ್ಲಿ ನದಿಯ ಆಚೆ ದಡ, ಬ್ಯಾಲಿಹ್ಯಾಕ್. ಅದು ವೆಕ್ಸ್‌ಫರ್ಡ್ ಜಿಲ್ಲೆ. ಮುಂದೆ ಸಮುದ್ರದೊಳಕ್ಕೆ ಚಾಚಿದ ಹುಕ್ ಎಂಬ ನೆಲದ ತುಂಡು. ತುದಿಯಲ್ಲಿ ಸುಮಾರು 800 ವರ್ಷ ಹಳೆಯ ದೀಪಸ್ತಂಭ ಇದೆ, ಈಗಲೂ ಉರಿಯುತ್ತದೆ. ಊರಿಂದ ಯಾರಾದರೂ ಬಂದರೆ ನಾವು ಕರೆದುಕೊಂಡು ಹೋಗುವುದು ಅಲ್ಲಿಗೇ. ದಾರಿಯಲ್ಲಿ ಫೆಥರ್ಡ್ ಅನ್ನುವ ಹಳ್ಳಿ ಸಿಗುತ್ತದೆ. ಒಂದು ಮುಖ್ಯ ಬೀದಿ, ಪಬ್ಬು, ಅಂಗಡಿ, ಮೀನುದೋಣಿ. ಗಾಡಿ ನಿಲ್ಲಿಸದೇ ದಾಟಿಬಿಡಬಹುದಾದ ಊರು. 1957ರಲ್ಲಿ ಇದರ ಹೆಸರು ಅಮೆರಿಕದ ಪತ್ರಿಕೆಗಳವರೆಗೂ ಹೋಗಿತ್ತು.

ಅದಕ್ಕೆ ಮೊದಲು ಸ್ವಲ್ಪ ಹಿನ್ನೆಲೆ ಹೇಳಬೇಕು.

ಇಲ್ಲಿಯ ಎಷ್ಟೋ ಊರುಗಳಲ್ಲಿ ಎರಡು ಚರ್ಚು ಕಾಣುತ್ತವೆ. ಒಂದು ಹಳೆಯದು, ಊರಿನ ನಡುವೆ, ಸುತ್ತ ಸಮಾಧಿಗಳು, ಒಳಗೆ ಭಾನುವಾರವೂ ಬೆರಳೆಣಿಕೆಯ ಜನ. ಅದು ಪ್ರಾಟೆಸ್ಟೆಂಟರ ಚರ್ಚ್ ಆಫ್ ಐರ್ಲೆಂಡ್. ಇನ್ನೊಂದು ದೊಡ್ಡದು, ಹೆಚ್ಚಾಗಿ 19ನೇ ಶತಮಾನದ್ದು. ಅದು ಕ್ಯಾಥಲಿಕರದು. ಜನ ಕಡಿಮೆ ಇರುವವರಿಗೆ ಹಳೆಯ ಜಾಗ ಹೇಗೆ ಸಿಕ್ಕಿತು ಅಂತ ಅನಿಸುತ್ತೆ ಅಲ್ವಾ? ಇಂಗ್ಲೆಂಡಿನ ರಾಜರು ಧರ್ಮ ಬದಲಿಸಿದಾಗ ಇಲ್ಲಿಯ ಚರ್ಚುಗಳನ್ನೂ ತಮ್ಮ ಕಡೆ ತೆಗೆದುಕೊಂಡರು. ಜನ ಮಾತ್ರ ಬದಲಾಗಲಿಲ್ಲ. 1695ರಿಂದ ಒಂದರ ಹಿಂದೊಂದು ಕಾನೂನು ಬಂದವು. ಕ್ಯಾಥಲಿಕರು ಶಾಲೆ ನಡೆಸುವಂತಿಲ್ಲ, ಜಮೀನು ಕೊಳ್ಳುವಂತಿಲ್ಲ. 1704ರ ಕಾನೂನಂತೂ ಬಲು ಚಾಲಾಕಿನದು. ಕ್ಯಾಥಲಿಕನ ಜಮೀನು ಎಲ್ಲ ಗಂಡುಮಕ್ಕಳಿಗೂ ಸಮನಾಗಿ ಹಂಚಿಹೋಗಬೇಕು. ಹಿರಿಮಗ ಪ್ರಾಟೆಸ್ಟೆಂಟ್ ಆದರೆ ಮಾತ್ರ ಪೂರ್ತಿ ಅವನಿಗೇ. ಅಣ್ಣತಮ್ಮಂದಿರ ನಡುವೆ ಬೆಂಕಿ ಇಡುವುದಕ್ಕೆ ಇದಕ್ಕಿಂತ ಸುಲಭ ದಾರಿ ಇಲ್ಲ. ತಮ್ಮದಲ್ಲದ ಚರ್ಚಿಗೆ ಬೆಳೆಯ ಪಾಲನ್ನೂ ತೆರಬೇಕಿತ್ತು. ಕ್ಯಾಥಲಿಕರು ಪಾರ್ಲಿಮೆಂಟಿನಲ್ಲಿ ಕೂರಲು ಅವಕಾಶ ಸಿಕ್ಕಿದ್ದು 1829ರಲ್ಲಿ.

ಸಿಟ್ಟು ಎಲ್ಲೋ ಒಂದು ಕಡೆ ಒಡೆಯಲೇಬೇಕಿತ್ತು. 1798ರಲ್ಲಿ ದಂಗೆ ಎದ್ದಿತು, ವೆಕ್ಸ್‌ಫರ್ಡ್‌ನಲ್ಲಿ ಅದು ಭೀಕರವಾಗಿತ್ತು. ನ್ಯೂ ರಾಸ್ ಪಟ್ಟಣದಲ್ಲಿ ದಂಗೆಕೋರರು ಸೋಲುತ್ತಿದ್ದ ದಿನವೇ, ಸ್ಕಲ್ಲಬೋಗ್ ಎಂಬಲ್ಲಿ ಕಣಜದೊಳಗೆ ಕೂಡಿಹಾಕಿದ್ದ ಸೆರೆಯಾಳುಗಳಿಗೆ ಬೆಂಕಿ ಹಚ್ಚಲಾಯಿತು. ಸತ್ತವರು ನೂರಕ್ಕೂ ಹೆಚ್ಚು. ಬಹುಪಾಲು ಪ್ರಾಟೆಸ್ಟೆಂಟರು, ಹೆಂಗಸರು ಮಕ್ಕಳೂ ಇದ್ದರು. ದಂಗೆಯ ನಡುವೆ ಐರ್ಲೆಂಡಿನ ಆಡಳಿತಕ್ಕೆ ಬಂದವನು ಯಾರು ಗೊತ್ತಾ? ಕಾರ್ನ್‌ವಾಲಿಸ್. 1792ರಲ್ಲಿ ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿ ಟಿಪ್ಪುವಿನ ಇಬ್ಬರು ಮಕ್ಕಳನ್ನು ಒತ್ತೆ ಇಟ್ಟುಕೊಂಡನಲ್ಲ, ಅವನೇ. 1799ರಲ್ಲಿ ಶ್ರೀರಂಗಪಟ್ಟಣದ ಕೊನೆಯ ಯುದ್ಧದಲ್ಲಿದ್ದ ಆರ್ಥರ್ ವೆಲ್ಲೆಸ್ಲಿ ಡಬ್ಲಿನ್ನಿನಲ್ಲಿ ಹುಟ್ಟಿದವನು. 1829ರಲ್ಲಿ ಕ್ಯಾಥಲಿಕರಿಗೆ ಹಕ್ಕು ಕೊಡುವ ಕಾನೂನು ಮಾಡಿದಾಗ ಬ್ರಿಟನ್ನಿನ ಪ್ರಧಾನಿ ಇವನೇ. ಡಬ್ಲಿನ್ನಿನ ಫೀನಿಕ್ಸ್ ಪಾರ್ಕಿನಲ್ಲಿ ಇವನಿಗೊಂದು 62 ಮೀಟರ್ ಎತ್ತರದ ಕಲ್ಲಿನ ಕಂಬ ಇದೆ. ಬುಡದಲ್ಲಿ ಒಂದು ಕಡೆ ಭಾರತದ ಯುದ್ಧಗಳ ಕಂಚಿನ ಚಿತ್ರ, ಇನ್ನೊಂದು ಕಡೆ ಧಾರ್ಮಿಕ ಸ್ವಾತಂತ್ರ್ಯದ ಚಿತ್ರ. ಮೈಸೂರು ಕಡೆಯವರು ಡಬ್ಲಿನ್ನಿಗೆ ಬಂದರೆ ಒಮ್ಮೆ ನೋಡಿ.

ಫೆಥರ್ಡ್‌ಗೆ ಬರೋಣ. 1922ರಲ್ಲಿ ದಕ್ಷಿಣಕ್ಕೆ ಸ್ವಂತ ಸರ್ಕಾರ ಬಂದ ಮೇಲೆ ಲೆಕ್ಕ ಉಲ್ಟಾ ಆಯಿತು. ಈ 26 ಜಿಲ್ಲೆಗಳಲ್ಲಿ 1911ರಲ್ಲಿ ನೂರಕ್ಕೆ ಹತ್ತರಷ್ಟಿದ್ದ ಪ್ರಾಟೆಸ್ಟೆಂಟರು 1926ಕ್ಕೆ ಏಳರ ಹತ್ತಿರ ಇಳಿದರು. ಮೊದಲ ಮಹಾಯುದ್ಧದಲ್ಲಿ ಸತ್ತವರು, ಬ್ರಿಟಿಷ್ ಸೈನ್ಯದ ಜೊತೆ ಹೊರಟವರು, ಹೆದರಿ ಹೋದವರು, ಎಲ್ಲ ಸೇರಿ. ಉಳಿದವರನ್ನು ನಿಧಾನಕ್ಕೆ ಕರಗಿಸಿದ್ದು ಮದುವೆ. 1908ರಿಂದ ಪೋಪರ 'ನೆ ತೆಮೆರೆ' ಎಂಬ ಆದೇಶ ಜಾರಿಯಲ್ಲಿತ್ತು. ಕ್ಯಾಥಲಿಕರನ್ನು ಮದುವೆಯಾಗುವ ಪ್ರಾಟೆಸ್ಟೆಂಟರು, ಹುಟ್ಟುವ ಮಕ್ಕಳನ್ನೆಲ್ಲ ಕ್ಯಾಥಲಿಕರಾಗಿಯೇ ಬೆಳೆಸುತ್ತೇವೆ ಅಂತ ಮಾತು ಕೊಡಬೇಕಿತ್ತು. ಒಂದು ತಲೆಮಾರು ಕಳೆದರೆ ಆ ಮನೆಯಲ್ಲಿ ಪ್ರಾಟೆಸ್ಟೆಂಟರೇ ಇಲ್ಲ. ಈ ಮಾತನ್ನು ತಂದೆಯೂ ಮುರಿಯುವಂತಿಲ್ಲ ಅಂತ ಇಲ್ಲಿಯ ಸುಪ್ರೀಂ ಕೋರ್ಟು ಟಿಲ್ಸನ್ ಪ್ರಕರಣದಲ್ಲಿ ಎತ್ತಿಹಿಡಿಯಿತು. ಚರ್ಚಿನ ನಿಯಮಕ್ಕೆ ಕೋರ್ಟಿನ ಬಲವೂ ಸಿಕ್ಕಿತು.

ಫೆಥರ್ಡ್ ಬಳಿಯ ರೈತ ಶಾನ್ ಕ್ಲೋನಿ ಕ್ಯಾಥಲಿಕ್. ಅದೇ ಕಡೆಯ ಹುಡುಗಿ ಶೀಲಾ ಪ್ರಾಟೆಸ್ಟೆಂಟ್. (ಹೆಸರು ಕೇಳಿದರೆ ನಮ್ಮ ಪಕ್ಕದ ಮನೆಯವರು ಅನಿಸುತ್ತೆ.) 1949ರಲ್ಲಿ ಲಂಡನ್ನಿನಲ್ಲಿ ಮದುವೆಯಾಗಿ ಊರಿಗೆ ಬಂದರು. ಶೀಲಾ ಆ ಮಾತಿಗೆ ಸಹಿ ಹಾಕಿದ್ದರು. ಇಬ್ಬರು ಹೆಣ್ಣುಮಕ್ಕಳಾದರು. ದೊಡ್ಡವಳಿಗೆ ಶಾಲೆಗೆ ಹೋಗುವ ವಯಸ್ಸಾಯಿತು. ಪಾದ್ರಿಗಳು ಮನೆಗೆ ಬಂದು ಮಗುವನ್ನು ಕ್ಯಾಥಲಿಕ್ ಶಾಲೆಗೇ ಸೇರಿಸಬೇಕು ಅಂದರು. ತೀರ್ಮಾನ ಆಗಿಹೋಗಿದೆ ಅನ್ನುವ ಧಾಟಿ ಅದು. ಶೀಲಾಗೆ ಅದನ್ನು ಸಹಿಸಲಾಗಲಿಲ್ಲ. 1957ರ ಏಪ್ರಿಲ್ ಕೊನೆಗೆ ಮಕ್ಕಳಿಬ್ಬರನ್ನೂ ಕರೆದುಕೊಂಡು ಮನೆ ಬಿಟ್ಟರು. ಮೊದಲು ಬೆಲ್‌ಫಾಸ್ಟ್, ಆಮೇಲೆ ಸ್ಕಾಟ್ಲೆಂಡಿನ ತುತ್ತತುದಿಯ ಆರ್ಕ್ನಿ ದ್ವೀಪಗಳಲ್ಲಿ ಒಂದಾದ ವೆಸ್ಟ್ರೇ.

ಊರಿನ ಪ್ರಾಟೆಸ್ಟೆಂಟರೇ ಅವಳನ್ನು ಓಡಿಸಿಕೊಂಡು ಹೋಗಿದ್ದು ಅಂತ ಮಾತು ಹಬ್ಬಿತು. ಮೇ ತಿಂಗಳಲ್ಲಿ ಬಹಿಷ್ಕಾರ ಶುರು. ಪ್ರಾಟೆಸ್ಟೆಂಟರ ಅಂಗಡಿಗೆ ಯಾರೂ ಹೋಗುವಂತಿಲ್ಲ. ಅವರಿಂದ ಹಾಲು ಕೊಳ್ಳುವಂತಿಲ್ಲ. ಪಿಯಾನೋ ಹೇಳಿಕೊಡುತ್ತಿದ್ದವರ ಹತ್ತಿರ ಬರುತ್ತಿದ್ದ ಮಕ್ಕಳು ನಿಂತುಹೋದರು. ಪ್ರಾಟೆಸ್ಟೆಂಟರ ಪುಟ್ಟ ಶಾಲೆಯ ಟೀಚರ್ ಕ್ಯಾಥಲಿಕ್, ಅವರು ಕೆಲಸ ಬಿಟ್ಟರು. ನಿನ್ನೆಯವರೆಗೆ ಹವಾಮಾನ, ದನ, ಬೆಲೆ ಅಂತ ಮಾತಾಡಿಕೊಂಡಿದ್ದವರೇ ಬೀದಿಯಲ್ಲಿ ಎದುರಾದರೆ ಮುಖ ತಿರುಗಿಸಿದರು.

ನಾನು ಇದನ್ನು ಹೇಳಿದಾಗ ಅಮ್ಮ ಅರ್ಧಕ್ಕೇ ತಡೆದರು. "ಇದರಲ್ಲಿ ಏನೇ ಹೊಸದು? ಊರಿಂದ ಹೊರಗೆ ಹಾಕಿದರು ಅಂತ ಪೇಪರಲ್ಲಿ ಇವತ್ತಿಗೂ ಬರುತ್ತಲ್ಲ. ಅಂಗಡೀಲಿ ಸಾಮಾನು ಕೊಡಲ್ಲ, ಮಾತಾಡಿಸಿದರೆ ದಂಡ." ನಿಜ. ಆದರೆ ಐರಿಷ್ ಜನರಿಗೆ ಈ ಆಯುಧ ಎಲ್ಲಿಂದ ಬಂತು ಅನ್ನುವುದು ನನ್ನನ್ನು ಜಾಸ್ತಿ ಕಾಡುತ್ತದೆ. 1880ರಲ್ಲಿ ಮೇಯೋ ಜಿಲ್ಲೆಯಲ್ಲಿ ಬಡ ಗೇಣಿದಾರರು ಜಮೀನ್ದಾರನ ಏಜೆಂಟನ ವಿರುದ್ಧ ಇದನ್ನು ಬಳಸಿದರು. ಕೊಯ್ಲಿಗೆ ಆಳು ಬರಲಿಲ್ಲ, ಅಂಗಡಿಯವರು ಸಾಮಾನು ಕೊಡಲಿಲ್ಲ. ಆ ಏಜೆಂಟನ ಹೆಸರು ಚಾರ್ಲ್ಸ್ ಬಾಯ್‌ಕಾಟ್. ಗನ್ನು ಹಿಡಿಯದೆ ಧಣಿಯನ್ನು ಬಗ್ಗಿಸಿದ ದಾರಿ ಅದು. ಒಂದು ಜೀವಮಾನ ಕಳೆಯುವಷ್ಟರಲ್ಲಿ ಅದೇ ಆಯುಧ ಪಿಯಾನೋ ಟೀಚರ್ ಕಡೆ ತಿರುಗಿತ್ತು.

ಶಾನ್ ಏನು ಮಾಡಿದರು? ಈ ಬಹಿಷ್ಕಾರ ತಪ್ಪು ಅಂತ ಅವರೇ ವಿರೋಧಿಸಿದರು. ಹೆಂಡತಿ ಮಕ್ಕಳನ್ನು ಕಳೆದುಕೊಂಡವನು ಅವನು. ಅವನ ಪರವಾಗಿ ಅಂತ ಊರು ಜಗಳ ಮಾಡುತ್ತಿದೆ. ಅವನೇ ಬೇಡ ಅನ್ನುತ್ತಿದ್ದಾನೆ. ಅತ್ತ ಬೆಲ್‌ಫಾಸ್ಟಿನಿಂದ ಶೀಲಾ ಕಡೆಯ ಒಬ್ಬ ವಕೀಲರು ಬಂದು ರಾಜಿ ಷರತ್ತು ಮುಂದಿಟ್ಟರು. ಜಮೀನು ಮಾರಬೇಕು, ಕೆನಡಾಕ್ಕೋ ಆಸ್ಟ್ರೇಲಿಯಾಕ್ಕೋ ವಲಸೆ ಹೋಗಬೇಕು, ಮಕ್ಕಳು ಪ್ರಾಟೆಸ್ಟೆಂಟರಾಗಿ ಬೆಳೆಯಬೇಕು. ಎರಡೂ ಕಡೆಯವರಿಗೆ ಬೇಕಾಗಿದ್ದದ್ದು ಮಕ್ಕಳ ಲೆಕ್ಕ.

ಒಬ್ಬ ಕ್ಯಾಥಲಿಕ್ ಬಿಷಪ್ಪರು ವೆಕ್ಸ್‌ಫರ್ಡ್‌ಗೇ ಬಂದು ಬಹಿಷ್ಕಾರವನ್ನು ಶಾಂತಿಯುತ ಪ್ರತಿಭಟನೆ ಅಂತ ಸಮರ್ಥಿಸಿದರು. ಆದರೆ ಜುಲೈ 4ರಂದು ಪ್ರಧಾನಿ ಡೆ ವಲೇರಾ ಪಾರ್ಲಿಮೆಂಟಿನಲ್ಲಿ ಇದು ಅವಿವೇಕದ, ಪ್ರಯೋಜನವಿಲ್ಲದ ಕೆಲಸ ಅಂದರು. ತಪ್ಪಿತಸ್ಥರ ಜೊತೆ ನಿರಪರಾಧಿಗಳನ್ನು ಸೇರಿಸುವುದು ಅನ್ಯಾಯ, ಕ್ರೂರ ಅಂದರು. 1937ರ ಸಂವಿಧಾನದಲ್ಲಿ ಕ್ಯಾಥಲಿಕ್ ಚರ್ಚಿಗೆ 'ವಿಶೇಷ ಸ್ಥಾನ' ಬರೆಸಿದ್ದು ಇದೇ ಡೆ ವಲೇರಾ. ಅವರ ಬಾಯಲ್ಲಿ ಈ ಮಾತು ಬಂದದ್ದಕ್ಕೆ ತೂಕ ಇತ್ತು. ಸೆಪ್ಟೆಂಬರಿನಲ್ಲಿ ಪಾದ್ರಿಗಳು ಒಬ್ಬ ಪ್ರಾಟೆಸ್ಟೆಂಟರ ಅಂಗಡಿಗೆ ಹೋಗಿ ಸಿಗರೇಟು ಕೊಂಡರು. ಬಹಿಷ್ಕಾರ ಸಡಿಲಾಯಿತು ಅಂತ ಊರಿಗೆ ಅರ್ಥವಾಯಿತು. ಕ್ಷಮೆ ಗಿಮೆ ಏನಿಲ್ಲ, ಒಂದು ಪ್ಯಾಕ್ ಸಿಗರೇಟು!

ಶಾನ್ ಹುಡುಕಿಕೊಂಡು ಹೋಗಿ ಹೆಂಡತಿ ಮಕ್ಕಳನ್ನು ಕಂಡರು. ಹೊಸ ವರ್ಷದ ಹೊತ್ತಿಗೆ ಎಲ್ಲರೂ ಫೆಥರ್ಡ್‌ಗೆ ವಾಪಸ್ ಬಂದರು. ಮಕ್ಕಳನ್ನು ಎರಡು ಶಾಲೆಗೂ ಕಳಿಸಲಿಲ್ಲ. ಮನೆಯಲ್ಲೇ ಓದಿಸಿದರು. ಇಡೀ ಕಥೆಯಲ್ಲಿ ನನಗೆ ತುಂಬಾ ಇಷ್ಟವಾಗುವ ಭಾಗ ಇದು. ಊರು ಬಿಡಲೂ ಇಲ್ಲ, ಬಾಗಲೂ ಇಲ್ಲ.

ಶಾನ್ ಮುಂದೆ ಆ ಪ್ರದೇಶದ ಇತಿಹಾಸ ಕಲೆಹಾಕುವ ಕೆಲಸಕ್ಕೆ ಹೆಸರಾದರು. 1980ರ ದಶಕದಲ್ಲಿ ಊರಿಗೆ ಬಂದ ಇನ್ನೊಬ್ಬ ಪಾದ್ರಿ ಹುಡುಗರ ಮೇಲೆ ಲೈಂಗಿಕ ದೌರ್ಜನ್ಯ ನಡೆಸುತ್ತಿದ್ದ. ಆಗಲೂ ಸುಮ್ಮನಿರದೆ ಮಾಹಿತಿ ಕೂಡಿಸಿದವರಲ್ಲಿ ಶಾನ್ ಒಬ್ಬರು. ಆ ಊರು ಸೇರಿದ್ದ ಫರ್ನ್ಸ್ ಧರ್ಮಪ್ರಾಂತ್ಯದ (ಒಬ್ಬ ಬಿಷಪ್ಪರ ಕೆಳಗಿನ ಚರ್ಚುಗಳ ಪ್ರದೇಶ) ಇಂಥ ಪ್ರಕರಣಗಳ ಬಗ್ಗೆ ಸರ್ಕಾರದ ಫರ್ನ್ಸ್ ವರದಿ ಬಂದದ್ದು 2005ರಲ್ಲಿ. ಅಷ್ಟರಲ್ಲಿ ಅವರು ತೀರಿಕೊಂಡಿದ್ದರು. ಬಹಿಷ್ಕಾರಕ್ಕೆ ಆ ಪ್ರಾಂತ್ಯದ ಬಿಷಪ್ಪರು ಕ್ಷಮೆ ಕೇಳಿದ್ದು 1998ರಲ್ಲಿ, 41 ವರ್ಷ ಆದ ಮೇಲೆ. ನನ್ನ ಜೊತೆ ಕೆಲಸ ಮಾಡುವ ಹಿರಿಯರೊಬ್ಬರು ಆ ಕಡೆಯವರು. ಒಮ್ಮೆ ಕೇಳಿದೆ. "ಅದು ಹಳೇ ಮಾತು" ಅಂದು ಟೀ ಮಾಡಲು ಎದ್ದರು.

ಇನ್ನೊಂದು ವಿಷಯ. ಆ ಬಹಿಷ್ಕಾರದ ದಶಕದಲ್ಲಿ ಇಡೀ ದೇಶವೇ ಖಾಲಿಯಾಗುತ್ತಿತ್ತು. 1840ರ ದಶಕದಲ್ಲಿ ಆಲೂಗಡ್ಡೆ ಬೆಳೆ ಕೊಳೆತ ಬರಗಾಲದಲ್ಲಿ ಸುಮಾರು 10 ಲಕ್ಷ ಜನ ಸತ್ತು, ಅಷ್ಟಕ್ಕಿಂತ ಹೆಚ್ಚು ಜನ ಹಡಗು ಹತ್ತಿದ್ದು ಎಲ್ಲರಿಗೂ ಗೊತ್ತು. ಐರ್ಲೆಂಡ್ ದ್ವೀಪದ ಜನಸಂಖ್ಯೆ 1841ರಲ್ಲಿ 81 ಲಕ್ಷ, ಹತ್ತೇ ವರ್ಷಕ್ಕೆ 65 ಲಕ್ಷ. ಜಾನ್ ಕೆನಡಿಯ ಮುತ್ತಜ್ಜ ನ್ಯೂ ರಾಸ್ ಹತ್ತಿರದ ಡಂಗನ್ಸ್‌ಟೌನ್‌ನಿಂದ ಹೊರಟದ್ದು ಆ ಕಾಲದಲ್ಲೇ. 1963ರಲ್ಲಿ ಕೆನಡಿ ಅಮೆರಿಕದ ಅಧ್ಯಕ್ಷರಾಗಿ ಆ ಮನೆಯಂಗಳಕ್ಕೆ ಬಂದು ಟೀ ಕುಡಿದು ಹೋದರು. ಆದರೆ 1950ರ ದಶಕದಲ್ಲೂ 4 ಲಕ್ಷ ಜನ ಹೋದರು, ಹೆಚ್ಚಿನವರು ಇಂಗ್ಲೆಂಡಿಗೆ, ನರ್ಸ್ ಕೆಲಸಕ್ಕೆ, ಕಟ್ಟಡದ ಕೆಲಸಕ್ಕೆ. 1961ರ ಗಣತಿಯಲ್ಲಿ ಗಣರಾಜ್ಯದಲ್ಲಿ ಉಳಿದದ್ದು 28 ಲಕ್ಷ. ಮನೆಯ ಮಕ್ಕಳು ಉಳಿಯದ ಊರಲ್ಲಿ ಯಾವ ಮಗು ಯಾವ ಶಾಲೆಗೆ ಅಂತ ಜಗಳ.

ಈಗ ದಿಕ್ಕು ಬದಲಾಗಿದೆ. ಗಣರಾಜ್ಯದ ಜನಸಂಖ್ಯೆ 50 ಲಕ್ಷ ದಾಟಿದೆ. ಇಲ್ಲಿಯ ಆಸ್ಪತ್ರೆಗಳಲ್ಲಿ ಕೇರಳದ, ಮಂಗಳೂರಿನ ನರ್ಸುಗಳು. ಎಷ್ಟೋ ಚರ್ಚುಗಳಲ್ಲಿ ಪೂಜೆ ಮಾಡುವ ಪಾದ್ರಿಗಳೂ ಭಾರತದವರೇ. 2022ರ ಗಣತಿಯಲ್ಲಿ ಕ್ಯಾಥಲಿಕರು ನೂರಕ್ಕೆ 69, ಹಿಂದೂಗಳು 33 ಸಾವಿರದಷ್ಟು. ಎಲ್ಲ ಚೆನ್ನಾಗಿದೆ ಅಂತ ಹೇಳಲಾರೆ. 2025ರ ಬೇಸಿಗೆಯಲ್ಲಿ ಭಾರತೀಯರ ಮೇಲೆ ಹಲ್ಲೆಗಳಾದವು. ನಮ್ಮ ವಾಟರ್‌ಫರ್ಡ್‌ನಲ್ಲೇ ಪುಟ್ಟ ಹುಡುಗಿಯೊಬ್ಬಳಿಗೆ ಹೊಡೆದ ಸುದ್ದಿ ಬಂತು. ಆ ವಾರ ಊರಿಂದ ಫೋನು ನಿಲ್ಲಲೇ ಇಲ್ಲ. ಪಕ್ಕದ ಮನೆಯ ಅಜ್ಜಿ ಆಪಲ್ ಟಾರ್ಟ್ ಹಿಡಿದು ಬಂದು ಬಾಗಿಲಲ್ಲಿ ನಿಂತರು, ಹವಾಮಾನದ ಬಗ್ಗೆ ಮಾತ್ರ ಮಾತಾಡಿ ಹೋದರು. ಫೆಥರ್ಡ್ ಕಥೆಯನ್ನು ನಾನು ಪೂರ್ತಿ ಓದಿದ್ದು ಅದಾದ ಮೇಲೆ.

ಶಾಲೆಯ ವಿಷಯ ಇವತ್ತಿಗೂ ಮುಗಿದಿಲ್ಲ. ಹತ್ತರಲ್ಲಿ ಒಂಬತ್ತರ ಹತ್ತಿರ ಪ್ರಾಥಮಿಕ ಶಾಲೆಗಳು ಕ್ಯಾಥಲಿಕ್ ಚರ್ಚಿನ ಆಡಳಿತದವು, ಸಂಬಳ ಕೊಡುವುದು ಸರ್ಕಾರ. ಸೀಟು ಕಡಿಮೆ ಇದ್ದರೆ ದೀಕ್ಷಾಸ್ನಾನ (ಬ್ಯಾಪ್ಟಿಸಂ) ಆದ ಮಕ್ಕಳಿಗೆ ಮೊದಲು ಅನ್ನುವ ಪದ್ಧತಿ ಕ್ಯಾಥಲಿಕ್ ಶಾಲೆಗಳಲ್ಲಿ ಹೋದದ್ದು 2018ರ ಕಾನೂನಿನಿಂದ. ಸೀಟಿಗೋಸ್ಕರವೇ ದೀಕ್ಷೆ ಕೊಡಿಸಿದ ತಂದೆತಾಯಿ ಎಷ್ಟೋ ಜನ. ಎಲ್ಲ ಧರ್ಮದವರಿಗೂ ಸಮನಾದ ಶಾಲೆಗಳು 1978ರಿಂದ ಇವೆ, ಆದರೆ ಎಲ್ಲ ಊರಲ್ಲೂ ಇಲ್ಲ. 2030ರೊಳಗೆ ಅಂಥವು 400 ಆಗಬೇಕು ಅನ್ನುವುದು ಸರ್ಕಾರದ ಗುರಿ.

ನಾವು ಮಗಳನ್ನು ನಡೆದುಹೋಗುವಷ್ಟು ಹತ್ತಿರದ ಕ್ಯಾಥಲಿಕ್ ಶಾಲೆಗೇ ಸೇರಿಸಿದೆವು. ಅರ್ಜಿ ತುಂಬುವಾಗ ಯಾರೂ ಧರ್ಮ ಕೇಳಲಿಲ್ಲ. ಈಗ ಎರಡನೇ ತರಗತಿ. ಕ್ಯಾಥಲಿಕ್ ಮಕ್ಕಳಿಗೆ ಮೊದಲ ಪರಮಪ್ರಸಾದದ ವರ್ಷ, ಅಂದರೆ ಚರ್ಚಿನಲ್ಲಿ ಪವಿತ್ರ ರೊಟ್ಟಿಯನ್ನು ಮೊದಲ ಸಲ ಸ್ವೀಕರಿಸುವ ವರ್ಷ. ಅವರು ಪ್ರಾರ್ಥನೆ ಕಲಿಯುವಾಗ ಇವಳು, ಒಬ್ಬ ಮುಸ್ಲಿಂ ಹುಡುಗಿ, ಯಾವ ಧರ್ಮವೂ ಬೇಡ ಅಂದ ಮನೆಯ ಐರಿಷ್ ಹುಡುಗ, ಮೂವರೂ ಹಿಂದೆ ಕೂತು ಬಣ್ಣ ಹಚ್ಚುತ್ತಾರೆ. ಟೀಚರ್ ಒಳ್ಳೆಯವರು, ಹಾಡಿನ ಗುಂಪಿಗೆ ಸೇರಲಿ ಅಂದರು, ನಾವು ಹ್ಞೂಂ ಅಂದೆವು. ಮನೆಯಲ್ಲಿ ರಗಳೆ ಬೇರೆಯದೇ. ಸಹಪಾಠಿಗಳಿಗೆ ಬಿಳಿ ಗೌನು, ಅಂಗಳದಲ್ಲಿ ಬೌನ್ಸಿ ಕಾಸಲ್, ನೆಂಟರೆಲ್ಲ ಕೈಗಿಡುವ ಯೂರೋ. "ನಮ್ಮಲ್ಲಿ ಇಂಥದ್ದು ಏನಿದೆ?" ಅಂತ ಅಜ್ಜಿಗೆ ಫೋನಿನಲ್ಲಿ ಕೇಳಿದಳು. ಅಜ್ಜಿ ಅವಳ ನಾಮಕರಣದ ಕಥೆ ಹೇಳಿದರು. ಎಲ್ಲ ಕೇಳಿಸಿಕೊಂಡು, "ಅವತ್ತು ಬಂದ ದುಡ್ಡು ಎಲ್ಲಿ?" ಅಂದಳು.