ಮಂಜಾದ ಭರಣಿ

ಬೆಳಿಗ್ಗೆ ನೋಡಿದರೆ ಉಪ್ಪಿನಕಾಯಿ ಭರಣಿಯ ನೀರೆಲ್ಲ ಮಂಜು ಮಂಜು. "ಹಾಳಾಯ್ತು ಮಾರಾಯ್ತಿ, ಚೆಲ್ಲು" ಅಂದರು ಅಮ್ಮ.

ಮಿಡಿ ಅಲ್ಲ, ಎಳೆ ಮುಳ್ಳುಸೌತೆ. ಲೀಟರ್ ನೀರಿಗೆ 50 ಗ್ರಾಂ ಕಲ್ಲುಪ್ಪು, ಬೆಳ್ಳುಳ್ಳಿ, ಒಂದು ಮುಷ್ಟಿ ಗಾಂಧಾರಿ ಮೆಣಸು, ಸಬ್ಬಸಿಗೆ ಸೊಪ್ಪು. (ಆ ಸೊಪ್ಪಿಗಾಗಿ ಕಾಸರಗೋಡು ಪೇಟೆಯೆಲ್ಲ ಸುತ್ತಿದೆ, ಕೊನೆಗೆ ಮಂಗಳೂರಿಂದ ತರಿಸಿದ್ದು!) ವಿನೆಗರ್ ಇಲ್ಲ. ದೋಸೆಹಿಟ್ಟಿನ ಹಾಗೆ ತಾನಾಗಿಯೇ ಹುಳಿ ಬರಬೇಕು. ನೀರು ಮಂಜಾಗುವುದು ಅದಕ್ಕೇ.

ಸೌತೆ ಮೆತ್ತಗಾಗದಿರಲಿ ಅಂತ ನಾನು ಹೂವಿನ ಕಡೆಯ ತುದಿ ಕತ್ತರಿಸಿದ್ದೆ. ಕಹಿ ಹೋಗಲಿ ಅಂತ ಅಮ್ಮ ತೊಟ್ಟಿನ ಕಡೆ ಕತ್ತರಿಸಿ, ನೊರೆ ಬರುವ ತನಕ ತಿಕ್ಕಿದ್ದರು. ಒಂದೇ ಕಾಯಿಗೆ ಇಬ್ಬರೂ ಒಂದೊಂದು ಕಡೆಯಿಂದ ಹೆದರಿದ್ದು, ಅಲ್ವಾ?

ಮಧ್ಯಾಹ್ನ ಗಂಜಿಗೆ ಎರಡನೇ ತುಂಡು ತೆಗೆದುಕೊಂಡವರು ಯಾರು ಗೊತ್ತಾ? ಚೆಲ್ಲು ಅಂದವರೇ. "ಖಾರ ಸ್ವಲ್ಪ ಕಮ್ಮಿ" ಅಂತೆ.