ಆ ಮೂರನ್ನು ಗಂಟಲಲ್ಲಿ ಹೇಳೂದು

“7, 7, 3, 5. ಇದೆಂತ, ಲಾಕರಿನ ನಂಬ್ರವಾ?”

ದುಬೈಯಿಂದ ರಜೆಗೆ ಬಂದ ಹುಡುಗನ ಫೋನು ನೋಡಿ ಸೋದರಮಾವ ಕೇಳಿದ ಈ ಪ್ರಶ್ನೆ ಮಂಗಳೂರಿನ ಆ ಮನೆಯಲ್ಲಿ ವಾರವಿಡೀ ಸುತ್ತಿತು. ತೆರೆಯ ಮೇಲಿದ್ದದ್ದು ಇಂಗ್ಲಿಷ್ ಅಕ್ಷರದ ಒಂದೇ ಸಾಲು: “ಮರ್7ಬಾ, ಬ7ಕೀಕ್ ಬುಕ್ರಾ ಎಲ್ ಸಾ3ಆ 5.” ಹುಡುಗ ಮೆಲ್ಲನೆ ಹೇಳಿದ, “ಮಾವ, ಆ ಮೂರನ್ನು ಓದೂದಲ್ಲ, ಗಂಟಲಲ್ಲಿ ಹೇಳೂದು.”

ಅದು ದುಬೈಯಲ್ಲಿರುವ ಜೋರ್ಡಾನಿನ ಗೆಳೆಯನ ಆಡುಮಾತಿನ ಅರಬ್ಬಿ: ನಮಸ್ಕಾರ, ನಾಳೆ 5 ಗಂಟೆಗೆ ಮಾತಾಡ್ತೇನೆ. ಮಾವ ಕೆಟ್ಟವರಲ್ಲ. ಆದರೆ ಗೊತ್ತಿಲ್ಲದ ಬರಹ ಕಂಡ ಕೂಡಲೇ ಗುಟ್ಟು ಅಂದುಕೊಳ್ಳುವುದು ಬರೆದವನಿಗೆ ಮಾಡುವ ಅನ್ಯಾಯ.

ಅರಬ್ಬಿಯನ್ನು ಹೀಗೆ ಇಂಗ್ಲಿಷ್ ಅಕ್ಷರ, ಅಂಕಿಗಳಲ್ಲಿ ಬರೆಯುವುದಕ್ಕೆ ಅರಬಿ, ಇಂಗ್ಲೀಜಿ ಎರಡೂ ಸೇರಿ ಅರಬೀಜಿ ಎಂಬ ಹೆಸರು. ಈಜಿಪ್ಟಿನಲ್ಲಿ ಫ್ರಾಂಕೋ ಅನ್ನುತ್ತಾರೆ. ಹಳೆಯ ಎಷ್ಟೋ ಫೋನುಗಳಲ್ಲಿ ಅರಬ್ಬಿ ಲಿಪಿ ಇರುತ್ತಿರಲಿಲ್ಲ. ಇದ್ದರೂ ಒಂದು ಎಸ್ಸೆಮ್ಮೆಸ್ಸಿಗೆ ಇಂಗ್ಲಿಷಿನಲ್ಲಿ 160 ಅಕ್ಷರ ಹಿಡಿದರೆ ಅರಬ್ಬಿಯಲ್ಲಿ 70 ಮಾತ್ರ. ಕನ್ನಡಕ್ಕೂ ಅದೇ 70. ಹಾಲು, ಹಾಳು ಬೇರೆ ಮಾಡಲು ನಾವು ದೊಡ್ಡ ಎಲ್ ಒತ್ತಿದೆವು, ಅವರು ಅಂಕಿ ಒತ್ತಿದರು. ಹೆಚ್ಚಾಗಿ ಆಕಾರ ನೋಡಿ ಆರಿಸಿದ ಅಂಕಿಗಳು: 3 ಅನ್ನು ಕನ್ನಡಿಯಲ್ಲಿ ಹಿಡಿದರೆ ಗಂಟಲಲ್ಲಿ ಹೇಳುವ ಐನ್ ಎಂಬ ಅರಬ್ಬಿ ಅಕ್ಷರ ಕಾಣುತ್ತದೆ. 7 ಎಂದರೆ ಗಂಟಲಾಳದ ಹ, 2 ಎಂದರೆ ಉಸಿರು ಕಡಿಯುವ ಹಮ್ಜಾ, 6 ಒತ್ತಿ ಹೇಳುವ ತ, 5 ಕೆರೆಯುವ ಖ. 9 ಮಾತ್ರ ಊರಿಗೊಂದು: ಕೊಲ್ಲಿ ನಾಡಿನಲ್ಲಿ ಒತ್ತಿದ ಸ, ಮೊರಾಕ್ಕೋದಲ್ಲಿ ನಾಲಗೆಯ ಬುಡದಿಂದ ಹೇಳುವ ಕ, ಅಂದರೆ ಕಾಫ್.

ಗುರುತಿಸುವಾಗ ಮೊದಲು ಅಂಕಿಯ ಅಕ್ಕಪಕ್ಕ ನೋಡಿ. ‘ಸಾ3ಆ’ದಲ್ಲಿ 3 ಪದದೊಳಗೆ ಸ್ವರಗಳ ನಡುವೆ ಕೂತಿದೆ, ಹಾಗಾಗಿ ಅಕ್ಷರ. ಮುಂದಿನ 5ರ ಎರಡೂ ಕಡೆ ಜಾಗ ಬಿಟ್ಟಿದೆ, ಅದು ನಿಜವಾದ ಐದು. ಮಾವ ಎಡವಿದ್ದು ಇಲ್ಲೇ: ನಾಲ್ಕನ್ನೂ ಒಂದೇ ಸಾಲಿಗೆ ಕಟ್ಟಿದರು. ಅಕ್ಷರದ ಜಾಗದಲ್ಲಿ 0, 1 ಬರುವುದು ತೀರಾ ಅಪರೂಪ. 3ರ ಬದಲು ಇ, 0 ಬದಲು ಓ ಹಾಕಿದಾಗ ಇಂಗ್ಲಿಷ್ ಪದ ಎದ್ದು ಬಂದರೆ ಅದು ಹುಡುಗರ ಅಂಕಿಯಾಟ, ಅರಬ್ಬಿಯಲ್ಲ. ಎಲ್, ಯಾ, ಫೀ, ಅನಾ, ಯ3ನೀ ಮುಂತಾದ ಚಿಕ್ಕ ಪದಗಳು ಮರಳಿ ಮರಳಿ ಬಂದರೆ ಅನುಮಾನ ಬಿಡಿ. ಸಂಕೇತ ಲಿಪಿಗೆ ಬಾಯಿ ಇರುವುದಿಲ್ಲ. ಐದೈದು ಅಕ್ಷರದ ಗುಂಪುಗಳು, ಉಚ್ಚರಿಸಲಾಗದ ವ್ಯಂಜನಗಳ ರಾಶಿ, ಕೊನೆಯಲ್ಲಿ ಸಮ ಚಿಹ್ನೆ, ಇಂಥವು ಕಂಡರೆ ಮಾತ್ರ ಆ ಕಡೆ ಯೋಚಿಸಬೇಕು.

ಅನುವಾದ ಯಂತ್ರ ಇಲ್ಲಿ ಆಗಾಗ ಎಡವುತ್ತದೆ, ಏಕೆಂದರೆ ಕಾಗುಣಿತ ಗೊತ್ತುಪಡಿಸಿಲ್ಲ: ಒಬ್ಬರಿಗೆ 7ಬೀಬೀ, ಇನ್ನೊಬ್ಬರಿಗೆ ಹಬೀಬಿ. ಅಂಕಿಗಳನ್ನು ಅರಬ್ಬಿ ಅಕ್ಷರಕ್ಕೆ ಬದಲಿಸಿ ಹಾಕಿದರೆ ಸ್ವಲ್ಪ ವಾಸಿ. ಅದಕ್ಕಿಂತ ಲೇಸು, ಅರಬ್ಬಿ ಬಲ್ಲವರ ಎದುರು ಗಟ್ಟಿಯಾಗಿ ಓದುವುದು.

ಅಕ್ಷರ ಎಷ್ಟು ಸಲ ಬಂತೆಂದು ಎಣಿಸಿ ಗುಪ್ತಲಿಪಿ ಒಡೆಯುವ ವಿಧಾನವನ್ನು ನಮಗೆ ತಿಳಿದಂತೆ ಮೊದಲು ಬರೆದಿಟ್ಟವನು 9ನೇ ಶತಮಾನದ ಬಾಗ್ದಾದಿನ ಅಲ್ ಕಿಂದಿ. ಅವನ ಭಾಷೆಯ ಸಾದಾ ನಮಸ್ಕಾರವೇ ಇಂದು ಗುಪ್ತಲಿಪಿಯಂತೆ ಕಂಡಿತಲ್ಲ ಎಂದು ನೋವಾಗುತ್ತದೆ.

ಮರುದಿನ ಸಂಜೆ ಆರೂವರೆಗೆ, ದುಬೈಯಲ್ಲಿ 5 ಆದಾಗ, ಫೋನು ರಿಂಗಾಯಿತು. ಮಾವನೇ ಎತ್ತಿ ಹುಡುಗನ ಕೈಗೆ ಕೊಟ್ಟರು.